ಪೈ ಉಳಿಯಿತು, ಮಾತು ಹೋಯಿತು

ಹೊಸ ದೇಶಕ್ಕೆ ಹೋದವರು ನೆಲ ಹೇಗೆ ಆರಿಸುತ್ತಾರೆ? ಮಣ್ಣು ನೋಡುತ್ತಾರೆ, ನೀರು ನೋಡುತ್ತಾರೆ, ಬೆಲೆ ಕೇಳುತ್ತಾರೆ. ಇವತ್ತು ನಾನು ಹೇಳಹೊರಟಿರುವ ಜನ ಇದೆಲ್ಲದರ ಜೊತೆ ಇನ್ನೊಂದನ್ನೂ ನೋಡಿದರು. ಅಕ್ಕಪಕ್ಕದವರ ಮಾತು ತಮಗೆ ಅರ್ಥವಾಗುತ್ತದೋ ಇಲ್ಲವೋ ಅಂತ. ಅರ್ಥವಾದ ಕಡೆ ಗಂಟುಮೂಟೆ ಇಳಿಸಿದರು.

1853ರ ಮಾತು. ಬೆಲ್ಜಿಯಂನ ಬ್ರಬಾಂಟ್ ಸೀಮೆಯ ಹತ್ತು ಕುಟುಂಬಗಳು ಆಂಟ್‌ವರ್ಪ್ ಬಂದರಿನಲ್ಲಿ ಹಡಗು ಹತ್ತಿದವು. ಎಲ್ಲ ತುಂಡು ಹೊಲದ ರೈತರು. ಅಮೆರಿಕದಲ್ಲಿ ಸರ್ಕಾರಿ ಜಮೀನು ಎಕರೆಗೆ ಒಂದೂಕಾಲು ಡಾಲರಿಗೆ ಸಿಗುತ್ತಿದ್ದ ಕಾಲ. ಅಲ್ಲಿನ ವಿಸ್ಕಾನ್ಸಿನ್ ರಾಜ್ಯ ತಲುಪಿ ಮೊದಲು ಶೆಬಾಯ್ಗನ್ ಕಡೆ ನೋಡಿದರು. ಅಲ್ಲಿ ಸುತ್ತಲೂ ಜರ್ಮನ್, ಡಚ್ ಮಾತು. ಇವರದು ವಲ್ಲೂನ್, ಫ್ರೆಂಚ್‌ನ ದಾಯಾದಿ ಭಾಷೆ. ಉತ್ತರದ ಗ್ರೀನ್ ಬೇ ಕಡೆ ಫ್ರೆಂಚ್ ಆಡುವವರಿದ್ದಾರೆ ಅಂತ ಗೊತ್ತಾಯಿತು. ಅತ್ತ ಹೊರಟರು. ಅಲ್ಲಿ ಎಡ್ವರ್ಡ್ ಡಾಮ್ಸ್ ಎಂಬ ಬೆಲ್ಜಿಯಂನವರೇ ಆದ ಪಾದ್ರಿ ಸಿಕ್ಕಿದರು. ಅವರ ಮಾತಿನ ಮೇಲೆ ಕಾಡಿನ ಅಂಚಿನಲ್ಲೇ ನೆಲೆ ನಿಂತರು. ಮುಂದಿನ ನಾಲ್ಕೈದು ವರ್ಷಗಳಲ್ಲಿ ಅವರ ಹಿಂದೆ ಸಾವಿರಾರು ಜನ ಬಂದರು.

ಹಾಗೆ ಹುಟ್ಟಿದ ಊರುಗಳೇ ಬ್ರಸೆಲ್ಸ್, ನಾಮೂರ್, ರೋಸಿಯೇರ್. ಬ್ರಸೆಲ್ಸ್ ಅಂದರೆ ನಿಮಗೆ ಯುರೋಪಿಯನ್ ಒಕ್ಕೂಟದ ದೊಡ್ಡ ದೊಡ್ಡ ಕಟ್ಟಡಗಳು ನೆನಪಾಗಬಹುದು. ಈ ಬ್ರಸೆಲ್ಸ್‌ನಲ್ಲಿ ಇರುವುದು ಸಾವಿರದ ಚಿಲ್ಲರೆ ಜನ, ಹಾಲು ಕರೆಯುವ ಹಸುಗಳು, ಮೆಕ್ಕೆಜೋಳದ ಹೊಲ.

ಕಷ್ಟದ ಕಥೆ ಜಾಸ್ತಿ ಎಳೆಯುವುದಿಲ್ಲ. ಮರ ಕಡಿದರೆ ಬಿಸಿಲು, ಇಲ್ಲದಿದ್ದರೆ ಇಲ್ಲ, ಅಂಥ ಕಾಡು. ಮರ ಸೀಳಿ ಚಾವಣಿಗೆ ಹಾಕುವ ಹಲಗೆಬಿಲ್ಲೆ ಮಾಡಿ ಮಾರಿದರು. ಆ ದುಡ್ಡಲ್ಲಿ ಹಿಟ್ಟು ತಂದರು. ಆಮೇಲೆ ಬಂದದ್ದು ಬೆಂಕಿ.

1871ರ ಅಕ್ಟೋಬರ್ 8ರ ರಾತ್ರಿ. ಅದೇ ರಾತ್ರಿ ಶಿಕಾಗೋ ಕೂಡ ಹೊತ್ತಿಕೊಂಡಿತು. ಪತ್ರಿಕೆಗಳಿಗೆ ಅದೇ ದೊಡ್ಡ ಸುದ್ದಿ. ಆದರೆ ವಿಸ್ಕಾನ್ಸಿನ್‌ನ ಪೆಷ್ಟಿಗೋ ಬೆಂಕಿಯಲ್ಲಿ ಸತ್ತವರು ಸಾವಿರಕ್ಕೂ ಜಾಸ್ತಿ, ಶಿಕಾಗೋಗಿಂತ ಎಷ್ಟೋ ಪಟ್ಟು. ಗ್ರೀನ್ ಬೇ ಕೊಲ್ಲಿಯ ಈಚೆ ದಡದ ಬೆಲ್ಜಿಯನ್ ಹಳ್ಳಿಗಳೂ ಅದೇ ಹೊತ್ತಿನಲ್ಲಿ ಸುಟ್ಟವು. ಇವತ್ತು ಚಾಂಪಿಯನ್ ಅನ್ನುವ ಊರಿನಲ್ಲಿ ಆಗ ಒಂದು ಸಣ್ಣ ಪ್ರಾರ್ಥನಾ ಮಂದಿರವಿತ್ತು. ಅದನ್ನು ನೋಡಿಕೊಳ್ಳುತ್ತಿದ್ದವರು ಅಡೆಲ್ ಬ್ರೀಸ್. 1859ರಲ್ಲಿ ಯೇಸುವಿನ ತಾಯಿ ಮರಿಯಮ್ಮನ ದರ್ಶನವಾಯಿತು ಎಂದ ಹೆಂಗಸು. ಮಕ್ಕಳಿಗೆ ಧರ್ಮಪಾಠ ಹೇಳಿಕೊಡಲು ಮನೆಮನೆ ನಡೆದವರು. ಬೆಂಕಿ ಬಂದಾಗ ಜನ ದನಕರುಗಳ ಸಮೇತ ಅಲ್ಲಿಗೆ ಓಡಿದರು. ರಾತ್ರಿಯೆಲ್ಲ ಪ್ರಾರ್ಥನೆ. ಬೆಳಗಾದಾಗ ಸುತ್ತಲೂ ಬೂದಿ, ಬೇಲಿಯೊಳಗಿನ ನೆಲ ಹಸಿರಾಗಿಯೇ ಇತ್ತು ಅಂತ ಅವರ ನೆನಪು. 2010ರಲ್ಲಿ ಅಲ್ಲಿನ ಬಿಷಪ್ ಆ ದರ್ಶನವನ್ನು ನಂಬಲು ಯೋಗ್ಯ ಎಂದು ಘೋಷಿಸಿದರು. ಅಮೆರಿಕದಲ್ಲಿ ಹೀಗೆ ಮನ್ನಣೆ ಪಡೆದ ಮೊದಲ ಮರಿಯಮ್ಮನ ದರ್ಶನ ಅದು. ನೀವು ನಂಬಿ, ಬಿಡಿ, ಆ ಜನಕ್ಕೆ ಅದು ಗಟ್ಟಿ ನೆಲ.

ಮರದ ಮನೆ ಸುಟ್ಟು ಹೋಯಿತಲ್ಲ, ಮುಂದೆ ಕೆಂಪು ಇಟ್ಟಿಗೆ ಬಂತು. ಎಷ್ಟೋ ಮನೆಗಳಲ್ಲಿ ಒಳಗೆ ಮರದ ದಿಮ್ಮಿ, ಹೊರಗೆ ಇಟ್ಟಿಗೆಯ ಅಂಗಿ. ಹಿತ್ತಲಲ್ಲಿ ಬೇಸಿಗೆಯ ಅಡುಗೆಮನೆ. ಅದರ ಗೋಡೆಯಿಂದ ಹೊಟ್ಟೆಯ ಹಾಗೆ ಉಬ್ಬಿ ನಿಂತ ಒಲೆ. ಅಲ್ಲಿ ಒಂದೇ ಸಲಕ್ಕೆ ಹತ್ತಾರು ಪೈ ಬೇಯುತ್ತಿದ್ದವು. ಈಸ್ಟ್ ಹಾಕಿ ಉಬ್ಬಿಸಿದ ತೆಳು ಹಿಟ್ಟು, ಮೇಲೆ ಒಣಗಿದ ಪ್ಲಮ್ ಅಥವಾ ಸೇಬಿನ ಹೂರಣ, ಅದರ ಮೇಲೆ ಸಿಹಿ ಬೆರೆಸಿದ ಗಿಣ್ಣಿನಂಥ ಚೀಸ್. ಇದು ಬೆಲ್ಜಿಯನ್ ಪೈ. ಸುಗ್ಗಿ ಮುಗಿದ ಮೇಲೆ ಕೆರ್ಮಿಸ್ ಹಬ್ಬ, ಊರಿಂದ ಊರಿಗೆ ಸರದಿ. ಹಂಡೆಗಟ್ಟಲೆ ಬೂಯಾ, ಅಂದರೆ ಕೋಳಿ, ದನದ ಮಾಂಸ, ತರಕಾರಿ ಹಾಕಿ ಗಂಟೆಗಟ್ಟಲೆ ಕುದಿಸಿದ ದಪ್ಪ ಸೂಪ್. ಪೈ, ಬೂಯಾ ಎರಡೂ ಇವತ್ತಿಗೂ ಇವೆ.

ವಲ್ಲೂನ್ ಎಲ್ಲಿ? ಬೆರಳೆಣಿಕೆಯ ಹಿರಿಯರ ಬಾಯಲ್ಲಿ.

ಹೀಗೇಕೆ ಅಂತ ಕೇಳಿದರೆ ಸಾಮಾನ್ಯವಾಗಿ ಸಿಗುವ ಉತ್ತರ, ಅಮೆರಿಕದ ಶಾಲೆ ತಿಂದು ಹಾಕಿತು. ಸುಳ್ಳಲ್ಲ. ಶಾಲೆಯಲ್ಲಿ ವಲ್ಲೂನ್ ಆಡಿದ ಮಕ್ಕಳಿಗೆ ಶಿಕ್ಷೆಯಾಗುತ್ತಿತ್ತು. ಏಟು ತಿಂದವರು ತಮ್ಮ ಮಕ್ಕಳ ಜೊತೆ ಇಂಗ್ಲಿಷ್‌ನಲ್ಲೇ ಮಾತಾಡಿದರು. ಆದರೆ ನನಗೆ ಅಷ್ಟಕ್ಕೇ ಸಮಾಧಾನವಿಲ್ಲ. ಯಾಕೆಂದರೆ ಹಡಗು ಹತ್ತುವ ಮೊದಲೇ ಆ ಭಾಷೆಗೆ ಹಣೆಪಟ್ಟಿ ಅಂಟಿತ್ತು. ಪತ್ರಕ್ಕೆ ಫ್ರೆಂಚ್, ಪ್ರವಚನಕ್ಕೆ ಫ್ರೆಂಚ್, ಮನೆ ಮತ್ತು ಕೊಟ್ಟಿಗೆಗೆ ವಲ್ಲೂನ್. ಆಡುವವರಲ್ಲೇ ಬಹಳ ಜನ ಅದನ್ನು ಕೆಟ್ಟ ಫ್ರೆಂಚ್ ಅಂದುಕೊಂಡಿದ್ದರು. ಲ್ಯಾಟಿನ್‌ನಿಂದ ಬಂದ, ತನ್ನದೇ ನಡೆಯಿರುವ ಭಾಷೆ ಅದು. ಆದರೂ ಓದಲು ಬರೆಯಲು ಯಾರೂ ಕಲಿಸಲಿಲ್ಲ. ಬೆಲ್ಜಿಯಂನಲ್ಲೂ ಕಥೆ ಅದೇ. ಅಲ್ಲಿನ ಶಾಲೆಗಳೂ ಫ್ರೆಂಚ್ ಹೆಸರಲ್ಲಿ ಮಕ್ಕಳ ಬಾಯಿ ಮುಚ್ಚಿಸಿದವು. ಇವತ್ತು ಯುನೆಸ್ಕೋದ ಅಳಿವಿನಂಚಿನ ಭಾಷೆಗಳ ಪಟ್ಟಿಯಲ್ಲಿ ವಲ್ಲೂನ್ ಇದೆ.

ಈಗ ಪೈ ಕಡೆ ನೋಡಿ. ನಿಮ್ಮ ಪೈ ಶುದ್ಧ ಪೈ ಅಲ್ಲ, ಪ್ಯಾರಿಸ್‌ನಲ್ಲಿ ಹೀಗೆ ಮಾಡುವುದಿಲ್ಲ ಅಂತ ಆ ಹೆಂಗಸರಿಗೆ ಯಾರಾದರೂ ಹೇಳಿದರಾ? ಪೈ ಮಾಡಿದ್ದಕ್ಕೆ ಯಾವ ಮಗುವೂ ತರಗತಿಯ ಮೂಲೆಯಲ್ಲಿ ನಿಲ್ಲಲಿಲ್ಲ. ಅಜ್ಜಿ ಮಾಡಿದಂತೆ ಅಮ್ಮ ಮಾಡಿದಳು, ಸ್ವಲ್ಪ ಆಚೆ ಈಚೆ ಆದರೂ ತಿಂದವರು ಚೆನ್ನಾಗಿದೆ ಅಂದರು. ತಿದ್ದುವವರಿಲ್ಲದ್ದು ಉಳಿಯಿತು. ಎಲ್ಲ ಕಡೆಯಿಂದ ತಿದ್ದಿಸಿಕೊಂಡದ್ದು ಹೋಯಿತು. ನನ್ನ ವಾದ ಇಷ್ಟೇ.

ಇನ್ನೊಂದು ಮಾತಿದೆ, ನನ್ನ ವಾದಕ್ಕೇ ತೊಡಕು. ಇಷ್ಟು ಅವಮಾನವಿದ್ದರೂ ವಲ್ಲೂನ್ ಅಲ್ಲಿ ನೂರು ವರ್ಷಕ್ಕೂ ಹೆಚ್ಚು ಬದುಕಿತು. ಹೇಗೆ? ದಾರಿ ಕೆಸರು, ನೆರೆಮನೆಯವರೂ ವಲ್ಲೂನ್, ಮದುವೆಯೂ ಅದೇ ಚರ್ಚಿನ ಒಳಗೆ. ಬೇರೆ ಭಾಷೆ ಬೇಕಾಗಲೇ ಇಲ್ಲ. ಟಾರು ರಸ್ತೆ ಬಂತು, ಪಟ್ಟಣದ ಕೆಲಸ ಬಂತು, ಟಿವಿ ಬಂತು. ಬೇಲಿ ಬಿದ್ದಾಗ ಭಾಷೆಯನ್ನು ಹಿಡಿದು ನಿಲ್ಲಿಸಲು ಹೆಮ್ಮೆ ಬೇಕಿತ್ತು. ಅದನ್ನು ಆಗಲೇ ಕಿತ್ತುಕೊಂಡಿದ್ದರು ಅಲ್ವಾ?

ನಾಮೂರ್‌ನಲ್ಲಿ ಹಳೆಯ ಚರ್ಚೊಂದನ್ನು ಈಗ ಬೆಲ್ಜಿಯನ್ ಪರಂಪರೆ ಕೇಂದ್ರ ಮಾಡಿದ್ದಾರೆ. ಒಳ್ಳೆಯ ಕೆಲಸ. ಆದರೆ ನನಗೆ ಬಿಟ್ಟರೆ ಕೆರ್ಮಿಸ್ ದಿನ ಪೈ ಮೇಜಿನ ಪಕ್ಕ ಒಂದು ಕುರ್ಚಿ ಹಾಕಿಸುತ್ತೇನೆ. ವಲ್ಲೂನ್ ಬಲ್ಲ ಅಜ್ಜನನ್ನೋ ಅಜ್ಜಿಯನ್ನೋ ಕೂರಿಸಿ ಕೈಗೆ ಮೈಕ್ ಕೊಡುತ್ತೇನೆ. ಭಾಷಣ ಬೇಡ. ದನ ಗದರುವುದು, ಮೊಮ್ಮಗನನ್ನು ಬೈಯುವುದು, ಪೋಲಿ ಜೋಕು, ಏನಾದರೂ ಸರಿ. ಅದು ಫ್ರೆಂಚ್‌ನಲ್ಲಿ ಹಾಗಲ್ಲ ಹೀಗೆ ಅನ್ನುವವರು ಬಂದರೆ ಸುಮ್ನೆ ಅವರ ತಟ್ಟೆಗೆ ಇನ್ನೊಂದು ತುಂಡು ಪೈ ಹಾಕಿ ಕಳಿಸಿಬಿಡಿ.