ಡಬ್ಬಿಯ ಮೇಲೆ ಬರೆದಿಡಿ

ಕೇಳುಗರೆಲ್ಲರಿಗೂ ನಮಸ್ಕಾರ. ಸಾಕ್ಷ್ಯಚಿತ್ರಗಳಿಗೆ ಹಳೆಯ ದೃಶ್ಯಗಳನ್ನು ಹುಡುಕಿಕೊಡುವುದು ನನ್ನ ಕೆಲಸ. "ಈಗ ಎಲ್ಲ ಮೊಬೈಲಿನಲ್ಲೇ ಸಿಗುತ್ತಲ್ಲ, ಹುಡುಕುವುದೇನು ಬಂತು?" ಅನ್ನುವವರಿದ್ದಾರೆ. ಸಿಗುವುದಿಲ್ಲ ಸ್ವಾಮಿ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' ತೆರೆಕಂಡದ್ದು 1934ರಲ್ಲಿ. ಅದರ ಪ್ರತಿಯೇ ಇವತ್ತು ಉಳಿದಿಲ್ಲ. ಅಷ್ಟು ದೊಡ್ಡ ಸಿನಿಮಾದ ಗತಿ ಹೀಗಾದರೆ ನಮ್ಮೂರ ಕೆರೆ, ಸಂತೆಗಳ ಪಾಡೇನು?

ಅದಕ್ಕೇ ಹೋದಲ್ಲೆಲ್ಲ ಒಂದೇ ಮಾತು ಹೇಳುತ್ತೇನೆ: ಮನೆಯ ಹಳೆಯ ವಿಡಿಯೋ ಕ್ಯಾಸೆಟ್ಟಿನ ಡಬ್ಬಿಯ ಮೇಲೆ ಯಾರು, ಯಾವೂರು, ಯಾವ ವರ್ಷ ಎಂದು ಬರೆದಿಡಿ.

ಒಂದು ಪ್ರಸಂಗ ಕೇಳಿ. ನಮ್ಮ ಬಯಲುಸೀಮೆಯ ಕೆರೆಗಳ ಬಗ್ಗೆ ಒಂದು ಚಿತ್ರ. ನಿರ್ದೇಶಕರಿಗೆ ಕೆರೆ ಕೋಡಿ ಹೋದ ದೃಶ್ಯ ಬೇಕಿತ್ತು. 2018ರಲ್ಲಿ ಕೆ.ಸಿ. ವ್ಯಾಲಿ ನೀರು, ಅಂದರೆ ಬೆಂಗಳೂರಿನ ಶುದ್ಧೀಕರಿಸಿದ ಕೊಳಚೆ ನೀರು, ಬರುವುದಕ್ಕೆ ಮುಂಚಿನದು, ಮಳೆಯಿಂದಲೇ ತುಂಬಿದ್ದು. ತಿಂಗಳುಗಟ್ಟಲೆ ಅಲೆದೆ. ಚಿಂತಾಮಣಿ ಕಡೆಯ ಹಳ್ಳಿಯೊಂದರಲ್ಲಿ ಅಜ್ಜಿಯೊಬ್ಬರ ಟ್ರಂಕಿನಲ್ಲಿ ವಿಎಚ್‌ಎಸ್ ಕ್ಯಾಸೆಟ್ ಸಿಕ್ಕಿತು. ಮೇಲೆ ಒಂದಕ್ಷರ ಬರೆದಿಲ್ಲ. ಮೊಮ್ಮಗಳ ನಾಮಕರಣವಂತೆ. ಮುಕ್ಕಾಲು ಗಂಟೆ ತೊಟ್ಟಿಲು, ಆರತಿ, ಊಟದ ಪಂಕ್ತಿ. ಕೊನೆಗೆ ವಿಡಿಯೋದವನು ನೆಂಟರ ಹಿಂದೆ ಕೆರೆ ಏರಿ ಹತ್ತಿದ್ದಾನೆ. ಕೋಡಿಯ ಮೇಲೆ ನೀರು ಧುಮುಕುತ್ತಿದೆ, ಹೆಂಗಸರು ಬಾಗಿನ ಬಿಡುತ್ತಿದ್ದಾರೆ, ಹುಡುಗರು ಪಂಚೆ ಒಡ್ಡಿ ಮೀನು ಹಿಡಿಯುತ್ತಿದ್ದಾರೆ! ಬರೀ ನಲವತ್ತು ಸೆಕೆಂಡು. ನನಗೆ ಕಣ್ಣು ತುಂಬಿ ಬಂತು.

ಆದರೆ ಯಾವ ವರ್ಷದ್ದು? ವರ್ಷ ಗೊತ್ತಾಗದ ದೃಶ್ಯವನ್ನು ನಾನು ಕೊಡುವುದಿಲ್ಲ. ಶಾಲೆಯ ಬೋರ್ಡಿನಲ್ಲಿ 'ಕೋಲಾರ ಜಿಲ್ಲೆ' ಎಂದಿತ್ತು. ಚಿಂತಾಮಣಿಯೂ ಸೇರಿ ಚಿಕ್ಕಬಳ್ಳಾಪುರ ಬೇರೆ ಜಿಲ್ಲೆಯಾದದ್ದು 2007ರಲ್ಲಿ. ಹಾಗಾಗಿ ಅದಕ್ಕೆ ಮುಂಚಿನದು. ಏರಿಯ ಪಕ್ಕದ ಸ್ಕೂಟರಿನ ನಂಬರು 'ಕೆಎ 07'. ಅಂಥ ನಂಬರು ಬಂದದ್ದು 1989ರಲ್ಲಿ ಹೊಸ ಮೋಟಾರು ಕಾಯ್ದೆ ಜಾರಿಯಾದ ಮೇಲೆ. ನಡುವೆ ಹದಿನೆಂಟು ವರ್ಷ! ಎರಡು ದಿನ ಟಿವಿಗೆ ಕಣ್ಣಂಟಿಸಿ ಕೂತೆ. ಮೂರನೇ ದಿನ ಅಜ್ಜಿ ಕಾಫಿ ತಂದಿಟ್ಟು, "ಅಷ್ಟಕ್ಯಾಕಪ್ಪಾ ಒದ್ದಾಡ್ತೀಯ, ಕೂಸಿನ ಬರ್ತ್ ಸರ್ಟಿಫಿಕೇಟ್ ಐತಲ್ಲ" ಅಂದರು. ತಿಂಗಳ ಸಮೇತ ಸಿಕ್ಕಿತು. ಅಜ್ಜಿ ಇಲ್ಲದಿದ್ದರೆ? ಆ ದೃಶ್ಯವನ್ನು ಬಿಟ್ಟೇಬಿಡಬೇಕಾಗಿತ್ತು. ಡಬ್ಬಿಯ ಮೇಲೆ ಒಂದೇ ಒಂದು ಸಾಲು ಸಾಕಿತ್ತು.

ಸಮಯವಾಯಿತೆಂದು ಇಲ್ಲಿ ಸನ್ನೆ ಮಾಡುತ್ತಿದ್ದಾರೆ. ಬೇಗ ಹೇಳಿಬಿಡುತ್ತೇನೆ. ಪುಣೆಯಲ್ಲಿ 1964ರಿಂದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವಿದೆ, 1948ರಲ್ಲಿ ಶುರುವಾದ ಫಿಲಂಸ್ ಡಿವಿಷನ್‌ನ ವಾರ್ತಾಚಿತ್ರಗಳಿವೆ. ಅಲ್ಲಿ ಪ್ರಧಾನಿಗಳು, ಅಣೆಕಟ್ಟುಗಳು ಸಿಗುತ್ತವೆ. ನಿಮ್ಮೂರ ಕೋಡಿ ನಿಮ್ಮ ಟ್ರಂಕಿನಲ್ಲೇ ಇರುವುದು. ಯಾರಾದರೂ ಕೇಳಿದರೆ ಅನುಮತಿ ಪತ್ರ ಬರೆಸಿಕೊಂಡೇ ಕೊಡಿ. ಟೇಪಿನ ಮೇಲೆ ಬಿಳಿ ಬೂಷ್ಟು ಕಂಡರೆ ವಿಸಿಆರ್‌ಗೆ ಹಾಕಲೇಬೇಡಿ, ಬೂಷ್ಟು ಒಳಗೆ ಟೇಪನ್ನು ಓದುವ ಹೆಡ್ಡಿಗೆ ಮೆತ್ತಿಕೊಂಡು ಮುಂದಿನ ಕ್ಯಾಸೆಟ್ಟಿಗೂ ಹತ್ತುತ್ತದೆ. ಕ್ಯಾಸೆಟ್ಟಿನ ಬೆನ್ನಂಚಿನ ಪ್ಲಾಸ್ಟಿಕ್ ಚೂರನ್ನು ಮುರಿದುಬಿಡಿ. ಆಮೇಲೆ ಮಕ್ಕಳು ಗೊತ್ತಿಲ್ಲದೆ ಅದರ ಮೇಲೆ ಬೇರೇನೂ ರೆಕಾರ್ಡ್ ಮಾಡಲಾರರು.

ಇನ್ನೊಂದು, ಡಬ್ಬಿಯ ಮೇಲಷ್ಟೇ ಅಲ್ಲ, ಕ್ಯಾಸೆಟ್ಟಿನ ಮೈಮೇಲೂ ಬರೆಯಿರಿ. ಡಬ್ಬಿಗಳು ಅದಲುಬದಲಾಗುತ್ತವೆ. ನಮಸ್ಕಾರ.