ತಮಟೆ ಕಾಯಿಸೋ ಹೊತ್ತಿಗೇ ಕ್ಯಾಮೆರಾ ಆನ್ ಆಗ್ಬೇಕು

ಎಲ್ರಿಗೂ ನಮಸ್ಕಾರ. ನಿಮ್ಮಲ್ಲಿ ತುಂಬಾ ಜನ ಶನಿವಾರ ಭಾನುವಾರ ಬಂತು ಅಂದ್ರೆ ಕ್ಯಾಮೆರಾ ಎತ್ಕೊಂಡು ದೊಡ್ಡಬಳ್ಳಾಪುರ, ಮಾಗಡಿ, ಕನಕಪುರ ಕಡೆ ಜಾತ್ರೆ ಶೂಟ್ ಮಾಡೋಕೆ ಹೊರಡ್ತೀರ, ಅದು ನಿಜವಾಗ್ಲೂ ಖುಷಿ ವಿಷ್ಯ. ಆದ್ರೆ ಫುಟೇಜ್ ನೋಡಿದ್ರೆ ಎಲ್ಲದ್ರಲ್ಲೂ ಅದೇ ತೇರು, ಅದೇ ಡ್ರೋನ್ ಶಾಟು, ಸ್ಲೋ ಮೋಷನ್ ಕುಣಿತ, ಮೇಲೊಂದು ಕೊಳಲಿನ ಮ್ಯೂಸಿಕ್ಕು, ಅಷ್ಟೇ.

ತಮಟೆನೇ ತಗೊಳ್ಳಿ. ಚರ್ಮದ ತಮಟೆ ಆದ್ರೆ ಬಡಿಯೋಕೆ ಮುಂಚೆ ಹುಲ್ಲೋ ಕಾಗದನೋ ಉರಿ ಹಾಕಿ ಕಾಯಿಸ್ಬೇಕು, ಇಲ್ಲಾಂದ್ರೆ ಚರ್ಮ ಬಿಗಿಯಾಗಲ್ಲ, ನಾದ ಏಳಲ್ಲ. ಬೆಂಕಿ ಸುತ್ತ ಕೂತು ತಮಟೆ ತಿರುಗಿಸ್ತಾ, ಬೆರಳಲ್ಲಿ ತಟ್ಟಿ ನೋಡ್ತಾ, ಸಾಲ್ದು ಅಂತ ಮತ್ತೆ ಉರಿಗೆ ಹಿಡಿತಾರೆ, ಆ ಹೊತ್ತಲ್ಲಿ ಆಡೋ ಮಾತಿದೆಯಲ್ಲ, ಈ ಸಲ ದುಡ್ಡು ಎಷ್ಟು ಕೊಡ್ತಾರೆ, ಯಾರ ಮಗ ಪೀಣ್ಯದಲ್ಲಿ ಕೆಲಸಕ್ಕೆ ಸೇರ್ಕೊಂಡ, ಹೋದ ವರ್ಷ ಊಟಕ್ಕೆ ಎಲ್ಲಿ ಕೂರಿಸಿದ್ರು, ಇಡೀ ಊರು ಅದರಲ್ಲೇ ಸಿಗುತ್ತೆ. ನಾವು ಆಗಿನ್ನೂ ಟೀ ಅಂಗಡೀಲಿ ಮೆರವಣಿಗೆ ಶುರುವಾಗ್ಲಿ ಅಂತ ಕಾಯ್ತಿರ್ತೀವಿ.

ಈಗ ಫೈಬರ್ ತಮಟೆ ಬಂದಿದೆ, ಕಾಯಿಸೋ ಕೆಲಸನೇ ಇಲ್ಲ, ಬಡಿಯೋರಿಗೆ ಅನುಕೂಲ. ದಯವಿಟ್ಟು ಅವ್ರಿಗೆ ಚರ್ಮದ್ದೇ ತನ್ನಿ, ಪಂಚೆ ಉಟ್ಕೊಂಡು ಬನ್ನಿ ಅಂತ ಹೇಳ್ಬೇಡಿ. 1922ರಲ್ಲಿ ಬಂದ ‘ನಾನೂಕ್ ಆಫ್ ದ ನಾರ್ತ್’ ಅನ್ನೋ ಸಾಕ್ಷ್ಯಚಿತ್ರದಲ್ಲಿ ನಿರ್ದೇಶಕ ರಾಬರ್ಟ್ ಫ್ಲಾಹರ್ಟಿ, ಬಂದೂಕು ಬಳಸ್ತಿದ್ದ, ಕೆನಡಾದ ಹಿಮಪ್ರದೇಶದ ಇನುಯಿಟ್ ಜನರ ಕೈಲಿ ಹಳೇ ಕಾಲದ ಈಟಿ ಹಿಡಿಸಿ ಬೇಟೆ ಆಡಿಸಿದ್ರು, ನೂರು ವರ್ಷ ಆದ್ರೂ ಆ ಚಾಳಿ ಹೋಗಿಲ್ಲ.

ಇನ್ನೊಂದು ಮಾತು ಹೇಳ್ದೆ ತಮಟೆ ವಿಷ್ಯ ಮುಗಿಯಲ್ಲ. ಸಾವಿಗೆ, ದೇವ್ರ ಕಾರ್ಯಕ್ಕೆ ಬಡಿಲೇಬೇಕು ಅಂತ ತಲೆಮಾರುಗಟ್ಟಲೆ ದಲಿತರ ಮೇಲೆ ಬಿಟ್ಟಿ ಚಾಕರಿಯಾಗಿ ಹೇರಿದ್ದು ಇದನ್ನ, ಹಂಗಾಗಿ ನಾವಿನ್ನು ಬಡಿಯಲ್ಲ ಅಂತ ಕೆಳಗಿಟ್ಟೋರೂ ಇದ್ದಾರೆ. ಅದೇ ತಮಟೆ ಬಾರಿಸಿದ ಚಿಕ್ಕಬಳ್ಳಾಪುರ ಜಿಲ್ಲೆಯ ಮುನಿವೆಂಕಟಪ್ಪನವರಿಗೆ 2023ರಲ್ಲಿ ಪದ್ಮಶ್ರೀ ಬಂತು. ನಮ್ ಕ್ಯಾಮೆರಾ ಪ್ರಶಸ್ತಿ ಕಡೆಗಷ್ಟೇ ತಿರುಗಿದ್ರೆ ಊರಿಗೆ ಅನ್ಯಾಯ ಮಾಡ್ದಂಗೆ. ಮೆರವಣಿಗೆ ಗುಡಿ ಬಾಗಿಲಿಗೆ ಬಂದಾಗ ಯಾರು ಒಳಗೆ ಹೋದ್ರು, ಬಡಿಯೋರು ಎಲ್ಲಿ ನಿಂತ್ರು, ಆ ಶಾಟನ್ನ ಕಟ್ ಮಾಡ್ದೆ ಹಿಡೀರಿ, ವಾಯ್ಸ್ ಓವರ್ ಏನೂ ಬೇಡ.

ಸೌಂಡ್ ಬಗ್ಗೆ ಬೇಗ ಹೇಳ್ಬಿಡ್ತೀನಿ. ಆಟೋ ಗೇನ್ ಆಫ್ ಮಾಡಿ, ಅದು ಆನ್ ಇದ್ರೆ ಏಟು ಬಿದ್ದಾಗ ಲೆವೆಲ್ ಇಳಿಸಿ, ಸುಮ್ನಿದ್ದಾಗ ಸುತ್ತಲಿನ ಗದ್ದಲನ ಮೇಲೆತ್ತುತ್ತೆ, ತಮಟೆ ಪೆಟ್ಟಿನ ಖದರೇ ಹೋಗುತ್ತೆ. ಬಲಗೈಯಲ್ಲಿ ಗಿಡ್ಡ ದಪ್ಪ ಕೋಲು, ಎಡಗೈಯಲ್ಲಿ ಉದ್ದದ ತೆಳು ಕಡ್ಡಿ, ಎರಡರ ಸದ್ದೂ ಬೇರೆಬೇರೆ ಕೇಳ್ಬೇಕು.

ಎಡಿಟ್ ಮುಗಿದ್ಮೇಲೆ ಬೆಂಗಳೂರಿಗಿಂತ ಮೊದ್ಲು ಆ ಊರಲ್ಲೇ, ಬಡಿಯೋರ ಕೇರೀಲೇ ಪರದೆ ಕಟ್ಟಿ ತೋರ್ಸಿ. ಇದು ಬೇಡ ತೆಗೀರಿ ಅಂದ್ರೆ ತೆಗೀರಿ. ಟೈಟಲ್‌ನಲ್ಲಿ ‘ಗ್ರಾಮಸ್ಥರಿಗೆ ಧನ್ಯವಾದ’ ಅಂತ ಒಂದೇ ಸಾಲಲ್ಲಿ ಮುಗಿಸ್ಬೇಡಿ, ಬಡಿದ ಒಬ್ಬೊಬ್ಬರ ಹೆಸರೂ ಕೇಳಿ ಬರ್ಕೊಳ್ಳಿ, ಅವ್ರು ಹೆಂಗೆ ಹಾಕಿ ಅಂತಾರೋ ಹಂಗೆ ಹಾಕಿ.