ಸುಜಾನ್ ಫ್ಲೋಂ: ಪೋಷಕ ಪಾತ್ರ ಹೊರುವ ಭಾರ

ಫ್ರೆಂಚ್ ನಟಿ ಸುಜಾನ್ ಫ್ಲೋಂ ಹುಟ್ಟಿದ್ದು 1918ರಲ್ಲಿ. ಗಾಯಕಿ ಎಡಿತ್ ಪಿಯಾಫ್ ಅವರ ಕಾರ್ಯದರ್ಶಿಯಾಗಿದ್ದವರು ರಂಗಭೂಮಿಗೆ ಬಂದರು. 1953ರಲ್ಲಿ ಜಾಂ ಅನೂಯಿ ಅವರ ನಾಟಕದಲ್ಲಿ ಜೋನ್ ಆಫ್ ಆರ್ಕ್ ಆದರು. ರಂಗದ ಮೇಲೆ ನಾಯಕಿ, ತೆರೆಯ ಮೇಲೆ ಬಹುಪಾಲು ಪೋಷಕ ನಟಿ. ಇದನ್ನು ಇಳಿಕೆ ಎಂದು ಎಣಿಸಬೇಡಿ. ಕತೆಯ ಯಾವುದೋ ಒಂದು ಭಾರವನ್ನು ಪೋಷಕ ಪಾತ್ರ ಒಂಟಿಯಾಗಿ ಹೊರುತ್ತದೆ, ಅದೂ ಕೆಲವೇ ನಿಮಿಷಗಳಲ್ಲಿ.

1964ರ 'ದಿ ಟ್ರೇನ್' ನೋಡಿ. 1944ರ ಆಗಸ್ಟ್. ಪ್ಯಾರಿಸ್ಸಿನ ಜು ದ ಪೋಮ್ ಮ್ಯೂಸಿಯಂನಿಂದ ಚಿತ್ರಕಲಾಕೃತಿಗಳನ್ನು ನಾಜಿಗಳು ರೈಲಿನಲ್ಲಿ ಜರ್ಮನಿಗೆ ಸಾಗಿಸುತ್ತಿದ್ದಾರೆ. ಫ್ಲೋಂ ಮ್ಯೂಸಿಯಂನ ಅಧಿಕಾರಿ; ಲೂಟಿಯ ಲೆಕ್ಕವನ್ನು ಗುಟ್ಟಾಗಿ ಬರೆದಿಟ್ಟ ರೋಸ್ ವಲ್ಲಾಂ ಈ ಪಾತ್ರದ ಮೂಲ. ರೈಲು ತಡೆಯಿರೆಂದು ರೈಲ್ವೆಯ ಗುಪ್ತ ಹೋರಾಟಗಾರರನ್ನು ಬೇಡಿ ಅವಳು ಕತೆಯಿಂದ ಹೊರಟುಹೋಗುತ್ತಾಳೆ. ಆ ದೃಶ್ಯದ ಅಪಾಯ ಎರಡು ಕಡೆ ಇದೆ. ಕಣ್ಣೀರು ಹೆಚ್ಚಾದರೆ, ಹೋರಾಟಗಾರರ ಮುಖಂಡನಾದ ಬರ್ಟ್ ಲಂಕಾಸ್ಟರ್ ನಿರಾಕರಿಸುವುದು ಕ್ರೌರ್ಯವಾಗಿ ಕಾಣುತ್ತದೆ. ಮಾತು ಒಣಗಿದರೆ, ಮುಂದೆ ಸಾಯುವವರೆಲ್ಲ ಯಾತಕ್ಕೆ ಸತ್ತರು ಎಂಬ ಪ್ರಶ್ನೆಗೆ ಪ್ರೇಕ್ಷಕನ ಬಳಿ ಉತ್ತರ ಉಳಿಯುವುದಿಲ್ಲ. ಫ್ಲೋಂ ದನಿ ಏರಿಸದೆ, ಬೇಡಿಕೆಯನ್ನು ಬಿಡದೆ ಈ ಎರಡರ ನಡುವೆ ನಿಲ್ಲುತ್ತಾರೆ.

1962ರ 'ಆ್ಯಂ ಸ್ಯಾಂಜ್ ಆನ್ ಇವೇರ್' ಚಿತ್ರದಲ್ಲಿ ಜಾಂ ಗಬ್ಯಾಂ ಕುಡಿತ ಬಿಟ್ಟ ಹೋಟೆಲ್ ಮಾಲೀಕ, ಫ್ಲೋಂ ಅವನ ಹೆಂಡತಿ. ಬಾಂಬ್ ದಾಳಿಯ ರಾತ್ರಿ ಮಾಡಿದ ಶಪಥವನ್ನು ಅವನು ಪಾಲಿಸುತ್ತಾ ಬಂದಿದ್ದಾನೆ. ನಟ ಬೆಲ್ಮೊಂದೊ ಪಾತ್ರದ ಕುಡುಕ ಯುವಕ ಹೋಟೆಲಿಗೆ ಬಂದಿಳಿದಾಗ, ಗಂಡ ಲೋಟ ಮುಟ್ಟುವ ಎಷ್ಟೋ ಮುಂಚೆ ಆಪತ್ತು ಕಾಣಬೇಕಾದದ್ದು ಹೆಂಡತಿಯ ಮುಖದಲ್ಲಿ. ಅಲ್ಲಿ ಅದು ಕಾಣದಿದ್ದರೆ ಆಮೇಲಿನ ಕುಡಿತ ಬರೀ ಮೋಜು. ಜಗಳಗಂಟಿಯಂತೆ ಆಡಿದರೂ ಕೆಟ್ಟಿತು: ಪ್ರೇಕ್ಷಕರು ಬಾಟಲಿಯ ಪಕ್ಷ ಸೇರುತ್ತಾರೆ.

ಕಿವುಡಿಯ ಪಾತ್ರ ಇನ್ನೂ ಕಷ್ಟ. 1983ರ 'ಲೇತೆ ಮರ್ತ್ರಿಯೆ'ಯಲ್ಲಿ ಫ್ಲೋಂ ಕಿವಿ ಕೇಳದ ಮುದುಕಿ. ಇಸಬೆಲ್ ಅಜಾನಿಯ ಪಾತ್ರ ಹುಡುಕುವ ಹಳೆಯ ಸಂಗತಿ ಈಕೆಯ ನೆನಪಿನಲ್ಲಿದೆ. ನಟಿಗೆ ಮಾತು ಕೇಳಿಸುತ್ತದೆ, ಪಾತ್ರಕ್ಕೆ ಕೇಳಿಸಬಾರದು. ಹೊಸಬರು ಎಡವುವುದು ಇಲ್ಲೇ: ಮಾತು ಮುಗಿದ ಕೂಡಲೇ ಕಣ್ಣು ತಾನಾಗಿ ತಿರುಗಿಬಿಡುತ್ತದೆ. ಮೊದಲು ತುಟಿ ನೋಡಿ, ಅರ್ಥ ಮಾಡಿಕೊಳ್ಳುವಷ್ಟು ತಡೆದು, ಆಮೇಲೆ ಉತ್ತರಿಸಬೇಕು. ಆ ತಡವನ್ನು ಎದುರಿನ ನಟಿಯೊಂದಿಗೆ ರಿಹರ್ಸಲ್‌ನಲ್ಲೇ ಗೊತ್ತುಮಾಡಿಕೊಳ್ಳದಿದ್ದರೆ ಸಂಕಲನಕಾರ ಅದನ್ನು ಕತ್ತರಿಸಿಹಾಕುತ್ತಾನೆ, ಕಿವುಡುತನವೂ ಜೊತೆಗೇ ಹೋಗುತ್ತದೆ.

ಈ ಪಾತ್ರಕ್ಕೆ 1984ರಲ್ಲಿ ಪೋಷಕ ನಟಿಯ ಸೆಜಾರ್, ಅಂದರೆ ಫ್ರೆಂಚ್ ಚಲನಚಿತ್ರ ಪ್ರಶಸ್ತಿ, ಬಂತು. 1990ರಲ್ಲಿ 'ಲಾ ವುಯೀವ್ರ' ಚಿತ್ರಕ್ಕೆ ಮತ್ತೊಂದು, 72ನೆಯ ವಯಸ್ಸಿನಲ್ಲಿ. 2003ರಲ್ಲಿ ನಿರ್ದೇಶಕ ಕ್ಲೋದ್ ಶಬ್ರೋಲ್ ಅವರ ಚಿತ್ರವೊಂದರಲ್ಲಿ ಮನೆತನದ ಹಳೆಯ ಪಾಪದ ಗುಟ್ಟನ್ನು ಹೊತ್ತ ಚಿಕ್ಕಮ್ಮನಾದರು. 2005ರ ಜೂನ್‌ನಲ್ಲಿ ತೀರಿಕೊಂಡರು. ಮರುವರ್ಷ ತೆರೆಕಂಡ ದಾನಿಯೆಲ್ ಥಾಂಪ್ಸನ್ ಚಿತ್ರದಲ್ಲಿ ಅವರು ಅಜ್ಜಿ; ಅದನ್ನು ಅವರಿಗೇ ಅರ್ಪಿಸಲಾಗಿದೆ.